ಐರ್ಲೆಂಡ್ ಮೇಡಂ ಮತ್ತು ಎರಡನೆಯ ಓಟು

ಮೇಡಂ ತೀರಿಕೊಂಡ ಸುದ್ದಿ ಬಡಾವಣೆಯ ಮೊಬೈಲ್ ಗುಂಪಿಗೆ ಬಂದ ಬೆಳಿಗ್ಗೆ ಅದರ ಕೆಳಗೆ ಕೈಮುಗಿದ ಚಿತ್ರಗಳು ಸಾಲುಗಟ್ಟಿದವು. ‘ಆದರ್ಶ ಶಿಕ್ಷಕಿ’ ಎಂದು ಒಬ್ಬರು ಬರೆದರು, ‘ಅಜಾತಶತ್ರು’ ಎಂದು ಇನ್ನೊಬ್ಬರು. ಮೊದಲನೆಯದನ್ನು ಒಪ್ಪಬಹುದು. ಎರಡನೆಯದು ಶುದ್ಧ ಸುಳ್ಳು. ಮೇಡಂಗೆ ಶತ್ರುಗಳಿದ್ದರು, ಮತ್ತು ಆ ಶತ್ರುಗಳಿಗೆ ಅವರು ಪ್ರತಿ ಭಾನುವಾರ ನಮಸ್ಕಾರ ಹೇಳಿ, ಪ್ರಶ್ನೆ ಕೇಳಿ, ಉತ್ತರ ಬರುವವರೆಗೂ ಕದಲದೆ ನಿಲ್ಲುತ್ತಿದ್ದರು. ಸತ್ತವರನ್ನು ಹೊಗಳಿ ನಿರಾಯುಧರನ್ನಾಗಿ ಮಾಡುವ ವಿದ್ಯೆ ನಮ್ಮ ಊರಿಗೆ ಚೆನ್ನಾಗಿ ಗೊತ್ತು. ಆ ವಿದ್ಯೆ ಅವರ ಮೇಲೆ ನಡೆಯಬಾರದು ಎಂಬ ಆತಂಕದಲ್ಲಿ ಇದನ್ನು ಬರೆಯುತ್ತಿದ್ದೇನೆ.

ಆತಂಕಕ್ಕೆ ಇನ್ನೊಂದು ಕಾರಣವೂ ಇದೆ. ಮಾಗಡಿ ರಸ್ತೆಯಲ್ಲಿ ಬ್ಯಾಡರಹಳ್ಳಿಯ ಕಡೆಗಿರುವ ನಮ್ಮ ಬಡಾವಣೆಯ ಸಂಘಕ್ಕೆ ಸ್ವಂತ ಕಟ್ಟಡವೊಂದಿದೆ. ಅದರ ನೆಲಮಹಡಿಯಲ್ಲಿ ಮೇಡಂ ನಿವೃತ್ತಿಯ ನಂತರ ಓದುಕೋಣೆ ತೆರೆದಿದ್ದರು. ಕಾಮಾಕ್ಷಿಪಾಳ್ಯದ ಗಾರ್ಮೆಂಟ್ಸ್ ಕೆಲಸ ಮುಗಿಸಿ ಬಸ್ಸಿಳಿದು ಬರುತ್ತಿದ್ದ ಹೆಣ್ಣುಮಕ್ಕಳು ಅಲ್ಲಿ ಕೂತು ಸರ್ಕಾರಿ ಪರೀಕ್ಷೆಗಳಿಗೆ ಓದುತ್ತಿದ್ದರು. ಮನೆಯಲ್ಲಿ ಟೀವಿ, ಜಗಳ, ಒಂದೇ ದೀಪ; ಇಲ್ಲಿ ಮೇಜು, ಫ್ಯಾನು, ಮೌನ. ಕಳೆದ ಚುನಾವಣೆಯಲ್ಲಿ ಗೆದ್ದ ಸಮಿತಿ ಆ ಕೋಣೆಯನ್ನು ಜಿಮ್‌ಗೆ ಗುತ್ತಿಗೆ ಕೊಟ್ಟಿತು. ಗುತ್ತಿಗೆ ಈ ವರ್ಷ ಮುಗಿಯುತ್ತದೆ. ಅದನ್ನು ಮುಂದುವರಿಸಬೇಕೋ, ಕೋಣೆಯನ್ನು ಓದುವವರಿಗೆ ಮರಳಿಸಬೇಕೋ ಎಂಬುದು ಹೊಸ ಸಮಿತಿಯ ಕೈಯಲ್ಲಿದೆ. ಆದ್ದರಿಂದ ಈ ವ್ಯಕ್ತಿಚಿತ್ರ ನಿಷ್ಪಕ್ಷಪಾತವಾದುದೆಂದು ಯಾರೂ ಭಾವಿಸುವುದು ಬೇಡ.

ವಿಜಯನಗರದ ಒಂದು ಕಾಲೇಜಿನಲ್ಲಿ ಮೇಡಂ ನಮಗೆ ರಾಜ್ಯಶಾಸ್ತ್ರ ಕಲಿಸುತ್ತಿದ್ದರು. ಹುಟ್ಟಿದ್ದು ದಾವಣಗೆರೆಯ ಕಡೆ. ಬೆಂಗಳೂರಿನಲ್ಲಿ ಅರ್ಧ ಆಯುಸ್ಸು ಕಳೆದರೂ ಹುಡುಗರನ್ನು ‘ತಮ್ಮಾ’ ಎಂದೂ ಹುಡುಗಿಯರನ್ನು ‘ತಂಗಿ’ ಎಂದೂ ಕರೆಯುವುದನ್ನು ಬಿಟ್ಟಿರಲಿಲ್ಲ. ಅವರ ಸಂಶೋಧನೆಯ ವಿಷಯ ಐರ್ಲೆಂಡಿನ ಮಹಾಚುನಾವಣೆಗಳು. ಐರ್ಲೆಂಡನ್ನು ಅವರು ಕಂಡಿರಲಿಲ್ಲ, ವಿಮಾನವನ್ನೇ ಹತ್ತಿದವರಲ್ಲ. ಆದರೆ ಅಲ್ಲಿಯ ಯಾವ ಜಿಲ್ಲೆ ಯಾವ ವರ್ಷ ಯಾರ ಕೈ ಬಿಟ್ಟಿತೆಂಬುದನ್ನು, ನಮ್ಮ ಅಜ್ಜಿಯರು ಯಾವ ಸೊಸೆ ಯಾವ ಹಬ್ಬಕ್ಕೆ ತವರಿಗೆ ಹೋಗಲಿಲ್ಲ ಎಂದು ನೆನಪಿಡುವ ಹಾಗೆ, ನೆನಪಿಟ್ಟಿದ್ದರು.

“ಮೇಡಂ, ಐರ್ಲೆಂಡು ಎಕ್ಸಾಮಿಗೆ ಬರುತ್ತಾ?” ಎಂದು ಹಿಂದಿನ ಬೆಂಚಿನಿಂದ ಒಬ್ಬ ಕೇಳಿದ.

“ಬರಲ್ಲ ತಮ್ಮಾ. ಅದಕ್ಕೇ ನೆಮ್ಮದಿಯಾಗಿ ಕೇಳು.”

ಅವರು ಪಾಠ ಶುರು ಮಾಡಿದ್ದು ಕ್ಯಾಂಟೀನಿನಿಂದ. ಅದೇ ಹುಡುಗನನ್ನು ನಿಲ್ಲಿಸಿ, ಮಧ್ಯಾಹ್ನ ಏನು ತಿನ್ನುತ್ತೀಯ ಎಂದರು.

“ಮಸಾಲೆದೋಸೆ.”

“ಅದು ಮುಗಿದದೆ.”

“ಮುಗಿದ್ರೆ ಸುಮ್ನೆ ವಾಪಸ್ ಬರ್ತೀನಿ ಮೇಡಂ.”

“ಹಂಗಂದ್ರೆ ನಿನಗೆ ಹಸಿವಿಲ್ಲ, ಹಟ ಅದೆ. ಕೂತ್ಕೊ.”

ತರಗತಿ ನಕ್ಕಿತು. ಆ ನಗುವಿನ ನಡುವೆಯೇ ಅವರು ಐರ್ಲೆಂಡಿನ ಮತಪತ್ರವನ್ನು ಕಪ್ಪುಹಲಗೆಯ ಮೇಲೆ ಬರೆದು ತೋರಿಸಿದರು. ಅಲ್ಲಿ ಒಬ್ಬೊಬ್ಬರು ಒಬ್ಬನಿಗೆ ಮಾತ್ರ ಮುದ್ರೆ ಒತ್ತಿ ಬರುವುದಿಲ್ಲ. ಹೆಸರುಗಳ ಮುಂದೆ ಒಂದು, ಎರಡು, ಮೂರು ಎಂದು ತಮ್ಮ ಒಲವಿನ ಕ್ರಮ ಬರೆಯುತ್ತಾರೆ. ಒಂದನೆಯವನು ಸೋತು ಹೊರಬಿದ್ದರೆ ಆ ಓಟು ಎರಡನೆಯವನಿಗೆ ಹೋಗುತ್ತದೆ. ಬೇಕಾದುದಕ್ಕಿಂತ ಹೆಚ್ಚು ಓಟು ಪಡೆದು ಗೆದ್ದರೆ, ಮಿಕ್ಕಿದ ಪಾಲು ಹಾಗೆಯೇ ಮುಂದಕ್ಕೆ ಹರಿಯುತ್ತದೆ. ಒಂದು ಕ್ಷೇತ್ರದಿಂದ ಹಲವರು ಆಯ್ಕೆಯಾಗುತ್ತಾರೆ. ಎಣಿಕೆ ಕೆಲವೊಮ್ಮೆ ದಿನಗಟ್ಟಲೆ ನಡೆಯುತ್ತದೆ. “ಎರಡನೇದು ಯಾವುದು ಅಂತ ಹೇಳದವನಿಗೆ ಮೊದಲನೇದೂ ಸರಿಯಾಗಿ ಗೊತ್ತಿಲ್ಲ” ಎಂಬುದು ಅವರ ಮಾತು. ಅದನ್ನು ಹೇಳುವಾಗ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿ ಬಿಗಿಯುತ್ತಿದ್ದರು.

ಎರಡು ಹಳೆಯ ಪಕ್ಷಗಳ ಕಥೆಯನ್ನು ಅವರು ಒಂದೇ ಮನೆತನದ ಪಾಲುಜಗಳದಂತೆ ಹೇಳುತ್ತಿದ್ದರು. ಸ್ವಾತಂತ್ರ್ಯ ಬಂದ ಕೂಡಲೇ ಬ್ರಿಟನ್ನಿನ ಜೊತೆಗಿನ ಒಂದು ಒಪ್ಪಂದದ ವಿಷಯಕ್ಕೆ ಅಂತರ್ಯುದ್ಧವಾಯಿತು. ಒಪ್ಪಿದವರಿಂದ ಒಂದು ಪಕ್ಷ, ಒಪ್ಪದವರಿಂದ ಇನ್ನೊಂದು. ಯುದ್ಧ ಮುಗಿದು ಎಷ್ಟೋ ಕಾಲವಾದರೂ ಅಜ್ಜ ಯಾವ ಕಡೆ ಬಂದೂಕು ಹಿಡಿದನೋ ಮೊಮ್ಮಗಳು ಆ ಕಡೆಗೇ ಓಟು ಹಾಕುತ್ತಿದ್ದಳು. ನಮ್ಮಲ್ಲಿ ಮನೆದೇವರು ಇದ್ದಂತೆ ಅಲ್ಲಿ ಮನೆಪಕ್ಷ. ಅದು ಶಾಶ್ವತವೆಂದು ಎಲ್ಲರೂ ನಂಬಿದ್ದಾಗ ಬ್ಯಾಂಕುಗಳು ಕುಸಿದವು. ಆಳುತ್ತಿದ್ದ ಪಕ್ಷವನ್ನು ಜನ ಗುರುತೇ ಸಿಗದ ಹಾಗೆ ತೊಳೆದುಹಾಕಿದರು.

“ಹಂಗಾದ್ರೆ ಆ ಪಕ್ಷ ಖತಂ ಮೇಡಂ?”

“ಎಲ್ಲಿ ಖತಂ? ಮೆಲ್ಲಗೆ ಎದ್ದು ಬಂತು. ಆಮೇಲೆ ಹಳೇ ವೈರಿ ಜೊತೆ ಸೇರಿ ಸರ್ಕಾರ ಮಾಡ್ತು.”

“ಥೂ, ಇಲ್ಲಿಯಂಗೇ!”

“ಇಲ್ಲಿಯಂಗಲ್ಲ ತಮ್ಮಾ. ಯಾರನ್ನೂ ಬಸ್ಸಲ್ಲಿ ತುಂಬಿ ರೆಸಾರ್ಟಿಗೆ ಕಳಿಸಲಿಲ್ಲ.”

ಮೂರನೆಯ ಪಕ್ಷವೊಂದು ಜನರ ಸಿಟ್ಟಿನ ಮೇಲೆ ಏರಿ ಬಂದ ವರ್ಷವನ್ನು ಅವರು ವಿಷಾದದಿಂದ ವಿವರಿಸುತ್ತಿದ್ದರು. ತನಗೆ ಅಷ್ಟು ಓಟು ಬರುತ್ತದೆಂದು ಆ ಪಕ್ಷಕ್ಕೇ ನಂಬಿಕೆ ಇರಲಿಲ್ಲ, ಹಾಗಾಗಿ ಕಡಿಮೆ ಅಭ್ಯರ್ಥಿಗಳನ್ನು ನಿಲ್ಲಿಸಿತ್ತು. ಓಟುಗಳು ಉಕ್ಕಿ ಬಂದವು, ತೆಗೆದುಕೊಳ್ಳಲು ಹೆಸರುಗಳಿರಲಿಲ್ಲ. ಮಿಕ್ಕಿದ್ದೆಲ್ಲ ಇತರರ ಪಾಲಾಯಿತು. “ಉಣ್ಣೋಕೆ ಜನ ಬಂದ್ರು, ಎಲೆ ಹಾಕಿರಲಿಲ್ಲ” ಎನ್ನುತ್ತಿದ್ದರು. ದೊಡ್ಡ ಪಕ್ಷಕ್ಕೆ ಹೆಗಲು ಕೊಟ್ಟು ಸರ್ಕಾರ ಸೇರಿದ ಸಣ್ಣ ಪಕ್ಷಗಳು ಮುಂದಿನ ಚುನಾವಣೆಯಲ್ಲಿ ಮತ್ತೆ ಮತ್ತೆ ಕೊಚ್ಚಿಹೋದುದನ್ನೂ ಹೇಳುತ್ತಿದ್ದರು: ಮದುವೆ ದೊಡ್ಡವರದು, ಎಂಜಲೆಲೆ ಎತ್ತುವ ಸರದಿ ಸಣ್ಣವರದು.

ಒಮ್ಮೆ ಅವರು ನಮಗೊಂದು ಮನೆಗೆಲಸ ಕೊಟ್ಟರು. ನಿಮ್ಮ ಮನೆಯಲ್ಲಿ ಎಂದಾದರೂ ಓಟು ಬದಲಿಸಿದವರು ಯಾರು, ಏಕೆ ಬದಲಿಸಿದರು, ಕೇಳಿಕೊಂಡು ಬನ್ನಿ. ನಮ್ಮದು ಒಂದೇ ಪಕ್ಷದ ಮನೆ ಎಂಬ ನಂಬಿಕೆಯಲ್ಲಿ ನಾನು ಅಮ್ಮನನ್ನು ಕೇಳಿದೆ. ಅಮ್ಮ ಒಗ್ಗರಣೆಯ ಸೌಟು ಕೆಳಗಿಟ್ಟು, ಹಜಾರದ ಕಡೆ ಒಮ್ಮೆ ನೋಡಿ, ತಗ್ಗಿದ ದನಿಯಲ್ಲಿ ಹೇಳಿದಳು: “ನಿಮ್ಮಪ್ಪ ಹೇಳ್ದೋರಿಗೇ ಹಾಕ್ತೀನಿ ಅಂತ ಅವ್ರು ಅಂದ್ಕೊಂಡಿದಾರೆ. ಒಂದ್ಸಲಾನೂ ಹಾಕಿಲ್ಲ ಕಣೇ.” ಅದನ್ನು ತರಗತಿಯಲ್ಲಿ ಹೇಳಿದಾಗ ಮೇಡಂ ನಗಲಿಲ್ಲ. “ನಿಮ್ಮ ತಾಯೇರು ಗುಪ್ತ ಮತದಾನದ ಅರ್ಥ ತಿಳಿದವರು. ಆದರೆ ಯಾಕೆ ಅಂತ ಅವರನ್ನ ಇದುವರೆಗೆ ಯಾರೂ ಕೇಳಿಲ್ಲ ನೋಡು, ತಂಗಿ” ಎಂದರು. ನನ್ನ ರಾಜಕೀಯ ಶಿಕ್ಷಣ ಆರಂಭವಾದದ್ದು ಅಂದು. ಆಮೇಲೆ ಬೆಂಗಳೂರಿನದೇ ಉಲ್ಲಾಳದ ಹತ್ತಿರದ ವಿಶ್ವವಿದ್ಯಾಲಯದಲ್ಲಿ ಓದಿ ಪಡೆದ ಪದವಿ ಅದರ ಮುಂದುವರಿಕೆ ಮಾತ್ರ.

ಐರ್ಲೆಂಡಿನಲ್ಲಿ ಎಣಿಕೆ ನಡೆಯುವ ದಿನಗಳಲ್ಲಿ ಅವರು ಊಟ ಬಿಡುತ್ತಿದ್ದರು. ದವಡೆಯಲ್ಲಿ ಒಂದು ಲವಂಗ ಇಟ್ಟುಕೊಂಡು, ಮೊಬೈಲಿನಲ್ಲಿ ಅಲ್ಲಿಯ ರೇಡಿಯೋ ಕೇಳುತ್ತಾ ಮನೆಯೊಳಗೆ ಓಡಾಡುತ್ತಿದ್ದರು. “ಯಾವುದೋ ದೇಶ, ಯಾರೋ ಗೆಲ್ತಾರೆ, ನಿಮಗ್ಯಾಕೆ ಮೇಡಂ ಇಷ್ಟು ಭಯ?” ಎಂದು ನಾನು ಕೇಳಿದ್ದೆ. “ಎಣಿಕೆ ಯಾವ ಊರಲ್ಲಿ ನಡೆದರೂ ಭಯ ಒಂದೇ ಅವ್ವಾ. ಜನ ಏನು ಹೇಳಿಬಿಡ್ತಾರೋ ಅನ್ನೋ ಭಯ. ಆ ಭಯ ಹೋದ ದಿನ ಅದು ಚುನಾವಣೆ ಅಲ್ಲ, ಜಾತ್ರೆ.” ನಮ್ಮ ವಿಧಾನ ಪರಿಷತ್ತಿನ ಪದವೀಧರ ಕ್ಷೇತ್ರದ ಚುನಾವಣೆಯಲ್ಲಿಯೂ ಕ್ರಮಸಂಖ್ಯೆ ಬರೆಯುವ ಪದ್ಧತಿಯೇ ಇದೆಯಷ್ಟೆ. ಅದರ ಪ್ರಚಾರಕ್ಕೆ ಬಂದವರು “ಬರೀ ಒಂದು ಅಂತ ಹಾಕಿ ಬಂದ್ಬಿಡಿ ಮೇಡಂ, ಬೇರೆ ಏನೂ ಬರೀಬೇಡಿ” ಎಂದಾಗ ಅವರ ಸಿಟ್ಟು ನೋಡಬೇಕಿತ್ತು. “ಪದವೀಧರರಿಗೆ ಒಂದರ ಮುಂದೆ ಎಣಿಸೋಕೆ ಬರಲ್ಲ ಅಂತ ನೀವೇ ತೀರ್ಮಾನ ಮಾಡಿಬಿಟ್ಟಿರೇನು?”

ಸಂಘದ ಕಳೆದ ಚುನಾವಣೆಗೆ ಇದೇ ಪದ್ಧತಿ ತರಬೇಕೆಂದು ಮಹಾಸಭೆಯಲ್ಲಿ ಕೇಳಿದವರು ಮೇಡಂ. ಆಗ ಅಧ್ಯಕ್ಷರಾಗಿದ್ದವರು, ಈಗಲೂ ಆಗಿರುವವರು, ಗ್ರಾನೈಟ್ ವ್ಯಾಪಾರಿ. ನಗುಮೊಗದ, ಎಲ್ಲರ ಮನೆ ಗೃಹಪ್ರವೇಶಕ್ಕೂ ಮೊದಲು ಬರುವ ಮನುಷ್ಯ. “ಮಾಗಡಿ ರೋಡಲ್ಲಿ ಬಸ್ಸೇ ಮುಂದಕ್ಕೆ ಹೋಗಲ್ಲ, ಐರ್ಲೆಂಡು ಇಲ್ಲೀವರ್ಗೂ ಬರುತ್ತಂತೆ!” ಎಂದು ಅವರು ನಗಿಸಿದರು. ಆದರೆ ವಿರೋಧಿಸಲಿಲ್ಲ. ಮೇಡಂ ಅವರನ್ನೇ ಚುನಾವಣಾಧಿಕಾರಿ ಮಾಡಿ ಎಂದು ಸೂಚಿಸಿದವರೂ ಅವರೇ. ಮೇಡಂ ಒಪ್ಪಿದರು. ಓದುಕೋಣೆಯನ್ನು ಕಟ್ಟಿದವರ ಬಾಯಿಯನ್ನು ಪ್ರಚಾರದ ಕಾಲದಲ್ಲಿ ಇದಕ್ಕಿಂತ ಗೌರವಯುತವಾಗಿ ಮುಚ್ಚುವುದು ಸಾಧ್ಯವಿರಲಿಲ್ಲ. ಇದನ್ನು ಮೇಡಂ ಮುಖಕ್ಕೇ ಹೇಳಿದೆ. “ಗೊತ್ತದೆ. ಆದರೆ ಸರಿಯಾಗಿ ಎಣಿಸೋರು ಬೇರೆ ಯಾರಿದ್ದಾರೆ ಹೇಳು” ಎಂದರು.

ಸಮಿತಿಗೆ ಮೂರು ಸ್ಥಾನ. ಕೋಣೆಯನ್ನು ಜಿಮ್‌ಗೆ ಕೊಡಬೇಕೆನ್ನುತ್ತಿದ್ದ ಅಧ್ಯಕ್ಷರ ಕಡೆಯಿಂದ ಅವರು ಮತ್ತು ಅವರ ತಮ್ಮ. ಓದುಕೋಣೆಯ ಪರವಾಗಿ ಬ್ಯಾಂಕಿನಿಂದ ನಿವೃತ್ತರಾದ ಒಬ್ಬರು ಮತ್ತು ಆಸ್ಪತ್ರೆಯಲ್ಲಿ ನರ್ಸ್ ಆಗಿದ್ದ ಒಬ್ಬ ಅಕ್ಕ. ನಮ್ಮ ಇಬ್ಬರೂ ಬಡಾವಣೆಗೆಲ್ಲ ಬೇಕಾದವರು. ನಮ್ಮ ವಿಪತ್ತು ಅದರಲ್ಲೇ ಇತ್ತು, ನಮಗದು ಕಾಣಲಿಲ್ಲ. ಅಧ್ಯಕ್ಷರು ಮನೆಮನೆಗೆ ಹೋಗಿ “ನಂಗೆ ಒಂದು, ನನ್ ತಮ್ಮಂಗೆ ಎರಡು, ಅಷ್ಟೇ ಸಾರ್” ಎಂದು ಕಲಿಸಿಬಂದಿದ್ದರು. ತಮ್ಮನಿಗೆ ಎರಡು ಕೊಟ್ಟರೆ ಅಣ್ಣನ ಮನೆಯಲ್ಲಿ ಯಾರಿಗೂ ಬೇಸರವಿಲ್ಲ. ನಮಗಿಂತ ಚೆನ್ನಾಗಿ ಐರ್ಲೆಂಡನ್ನು ಅರ್ಥಮಾಡಿಕೊಂಡವರು ಅವರು.

ಎಣಿಕೆ ಸಂಘದ ಸಭಾಂಗಣದಲ್ಲಿ, ಹಗಲಿನಲ್ಲಿ, ಎಲ್ಲರ ಎದುರು ನಡೆಯಿತು. ಮಧ್ಯೆ ಒಂದು ಹಗ್ಗ ಕಟ್ಟಿಸಿ, ಆಚೆ ಮೇಜು, ಈಚೆ ಜನ ಎಂದು ಮೇಡಂ ವಿಭಾಗಿಸಿದ್ದರು. ಐರ್ಲೆಂಡಿನಲ್ಲಿ ಎಲ್ಲ ಪಕ್ಷದವರೂ ಕಟಕಟೆಗೆ ಒರಗಿ, ಬಿಚ್ಚುವ ಒಂದೊಂದು ಮತಪತ್ರವನ್ನೂ ಕಣ್ಣಲ್ಲೇ ಹಿಡಿದು ಗುರುತುಮಾಡಿಕೊಳ್ಳುತ್ತಾರಂತೆ. ಅಧಿಕೃತ ಫಲಿತಾಂಶಕ್ಕೆ ಬಹಳ ಮುಂಚೆಯೇ ಅವರಿಗೆ ಗೊತ್ತಾಗಿರುತ್ತದಂತೆ. ನಾವೂ ಹಗ್ಗಕ್ಕೆ ಎದೆಯೊತ್ತಿ ನಿಂತೆವು. ಮೊದಲ ಕೆಲವು ಪತ್ರಗಳಲ್ಲೇ ತಪ್ಪು ಕಂಡಿತು. ಬ್ಯಾಂಕಿನವರ ಮುಂದೆ ಒಂದು, ನರ್ಸ್ ಅಕ್ಕನ ಮುಂದೆಯೂ ಒಂದು. ಮುಂದಿನ ಪತ್ರದಲ್ಲಿಯೂ ಹಾಗೆಯೇ. ಇಬ್ಬರಿಗೂ ಮೊದಲ ಸ್ಥಾನ ಕೊಟ್ಟ ಪತ್ರ ಯಾರಿಗೂ ಸಲ್ಲುವುದಿಲ್ಲ. ಅದು ಅಸಿಂಧು.

ನನ್ನ ಪಕ್ಕದಲ್ಲೇ ನಿಂತಿದ್ದ, ಬ್ಯಾಂಕಿನವರ ಎದುರುಮನೆಯ ಆಂಟಿಯನ್ನು ಕೇಳಿದೆ: “ಆಂಟಿ, ನೀವು ಹೆಂಗೆ ಬರೆದ್ರಿ?”

“ಇಬ್ರಿಗೂ ಒಂದೇ ಹಾಕ್ದೆ ಕಣಮ್ಮ.”

“ಅಯ್ಯೋ, ಒಬ್ರಿಗೆ ಎರಡು ಹಾಕ್ಬೇಕಿತ್ತಲ್ಲ!”

“ಯಾರಿಗೆ ಎರಡು ಹಾಕ್ಲಿ? ದಿನಾ ಬೆಳಗಾದ್ರೆ ಅವರ ಮನೆಗೇ ಮೊಸರಿನ ಹೆಪ್ಪಿಗೆ ಹೋಗ್ತೀನಿ. ಆ ಸಿಸ್ಟರ್ ನಮ್ಮ ಯಜಮಾನ್ರಿಗೆ ಇಂಜೆಕ್ಷನ್ ಕೊಡ್ತಾಳೆ. ನೀನು ಎರಡನೇವ್ಳು ಅಂತ ಯಾವ ಬಾಯಲ್ಲಿ ಹೇಳ್ಲಿ?”

ಗುಪ್ತ ಮತದಾನದಲ್ಲಿಯೂ ದಾಕ್ಷಿಣ್ಯ! ಯಾರೂ ನೋಡದ ಮರೆಯಲ್ಲಿ, ಯಾರಿಗೂ ಗೊತ್ತಾಗದ ಕಾಗದದ ಮೇಲೆ, ನಮ್ಮ ಜನ ನೆರೆಯವರ ಮನಸ್ಸು ನೋಯಿಸಲು ಹಿಂಜರಿದಿದ್ದರು. ಮೇಡಂ ಒಂದೊಂದು ಪತ್ರವನ್ನೂ ಎತ್ತಿ ಹಗ್ಗದ ಈಚೆಯವರಿಗೆ ತೋರಿಸಿ, “ಅಸಿಂಧು” ಎಂದು ಹೇಳಿ, ಬೇರೆಯಾಗಿ ಇಡುತ್ತಾ ಹೋದರು. ಆ ಗುಡ್ಡೆ ಬೆಳೆದರೂ ಅವರ ದನಿ ತಗ್ಗಲಿಲ್ಲ. ಸೆರಗು ಸುತ್ತಿದ ಬೆರಳು ಮಾತ್ರ ಬಿಳುಪೇರುತ್ತಿತ್ತು. ಅಧ್ಯಕ್ಷರು ಗೆದ್ದರು, ಬ್ಯಾಂಕಿನವರು ಗೆದ್ದರು. ಉಳಿದದ್ದು ಮೂರನೆಯ ಸ್ಥಾನ. ಅಣ್ಣನಿಗೆ ಮಿಕ್ಕಿದ ಓಟುಗಳು ನೀರಿನಂತೆ ತಮ್ಮನ ಕಡೆ ಹರಿದವು. ನರ್ಸ್ ಅಕ್ಕನ ಕಡೆ ಹರಿಯಬೇಕಿದ್ದವು ಅಸಿಂಧುವಿನ ಗುಡ್ಡೆಯಲ್ಲಿ ಮಲಗಿದ್ದವು.

ನಾನು ಹಗ್ಗದ ಈಚೆಯಿಂದಲೇ ಕೂಗಿದೆ. “ಮೇಡಂ, ಅವರ ಮನಸ್ಸಲ್ಲಿ ಏನಿತ್ತು ಅಂತ ಇಲ್ಲಿರೋ ಎಲ್ಲರಿಗೂ ಗೊತ್ತು!”

“ಗೊತ್ತಿರೋದನ್ನ ಎಣಿಸೋಕೆ ಬರಲ್ಲ ತಂಗಿ. ಬರೆದದ್ದನ್ನ ಎಣಿಸಬೇಕು.”

“ನಿಮ್ಮ ಕೋಣೆ ಹೋಗುತ್ತೆ!”

“ಅದಕ್ಕೇ ಇನ್ನೂ ಸರಿಯಾಗಿ ಎಣಿಸಬೇಕು” ಎಂದು ಅವರು ಮುಂದಿನ ಪತ್ರ ತೆಗೆದರು.

ಓದುಕೋಣೆ ಹೋಯಿತು. ಮೇಜುಗಳು ಒಂದು ಮಧ್ಯಾಹ್ನ ಟೆಂಪೋ ಹತ್ತಿದವು. ಓದಲು ಬರುತ್ತಿದ್ದ ಹುಡುಗಿಯರು ಕೆಲವು ಸಂಜೆ ಬಾಗಿಲ ಬಳಿ ನಿಂತು, ಒಳಗಿನ ಕನ್ನಡಿಗಳನ್ನೂ ಕಬ್ಬಿಣವನ್ನೂ ನೋಡಿ ಬಸ್‌ಸ್ಟಾಪಿಗೆ ಮರಳಿದರು. ಆಮೇಲೆ ಬರುವುದನ್ನೇ ನಿಲ್ಲಿಸಿದರು. ಅವರಲ್ಲಿ ಎಷ್ಟು ಜನ ಪರೀಕ್ಷೆಯ ಆಸೆ ಬಿಟ್ಟರೆಂದು ಯಾವ ಸಮಿತಿಯೂ ವಿಚಾರಿಸಲಿಲ್ಲ. ನಾನು ಮೇಡಂ ಮನೆಗೆ ಹೋಗಿ ಜಗಳವಾಡಿದೆ. ಉತ್ತರದಾಯಿತ್ವ ಎಂಬ ಪದವನ್ನು ಅವರೇ ಕಲಿಸಿದ್ದು, ಅವರ ಮೇಲೆಯೇ ಪ್ರಯೋಗಿಸಿದೆ: ಪದ್ಧತಿ ತಂದವರು ನೀವು, ಕಲಿಸಿದವರು ನೀವು, ಅಸಿಂಧು ಎಂದವರೂ ನೀವು, ಹೊಣೆ ಯಾರದು?

ಅವರು “ನಂದೇ. ನಾನು ನಿಯಮ ಕಲಿಸಿದೆ, ಸಂಕೋಚ ಬಿಡಿಸಲಿಲ್ಲ. ಐರ್ಲೆಂಡಿನವರ ಸಿಟ್ಟು ಓದಿಕೊಂಡಿದ್ದೆ, ನಮ್ಮವರ ದಾಕ್ಷಿಣ್ಯ ಓದಿರಲಿಲ್ಲ” ಎಂದರು. ಮಾರನೆಯ ವಾರವೇ ಅದನ್ನು ಸಂಘದ ಸಭೆಯಲ್ಲಿ ಎದ್ದುನಿಂತು ಎಲ್ಲರೆದುರು ಹೇಳಿದರು. ಅಧಿಕಾರದಲ್ಲಿದ್ದವರೊಬ್ಬರು ‘ತಪ್ಪು ನನ್ನದು’ ಎನ್ನುವುದನ್ನು ನಾನು ಕಣ್ಣಾರೆ ಕಂಡದ್ದು ಅದೊಂದೇ ಸಲ. ಆ ಮೇಲೆ ಪ್ರತಿ ಭಾನುವಾರ ಪಾರ್ಕಿನಲ್ಲಿ ಅಧ್ಯಕ್ಷರನ್ನು ಹಿಡಿದು, ಕಟ್ಟಡದ ಬಾಡಿಗೆ ಏನಾಯಿತು, ಓದುವವರಿಗೆ ಬೇರೆ ಜಾಗ ಕೊಡುತ್ತೇವೆಂದಿದ್ದಿರಲ್ಲ ಅದು ಎಲ್ಲಿ ಎಂದು ಕೇಳುತ್ತಿದ್ದರು. ಅವರು ದೂರದಲ್ಲಿ ಕಂಡರೆ ಸಾಕು, ಅಧ್ಯಕ್ಷರ ನಡಿಗೆ ತಾನಾಗಿ ಓಟವಾಗುತ್ತಿತ್ತು.

ಸಂತಾಪ ಸಭೆ ಅದೇ ಸಭಾಂಗಣದಲ್ಲಿ ನಡೆಯಿತು. ಹಾರ ಹಾಕಿದ ಭಾವಚಿತ್ರದ ಪಕ್ಕ ನಿಂತು ಅಧ್ಯಕ್ಷರು ಗದ್ಗದಿತರಾದರು. ಮೇಡಂ ನಮ್ಮೆಲ್ಲರ ಒಗ್ಗಟ್ಟನ್ನು ಬಯಸಿದವರು ಎಂದರು. “ಅವ್ರ ಆತ್ಮಕ್ಕೆ ಶಾಂತಿ ಸಿಗ್ಬೇಕು ಅಂದ್ರೆ ಈ ಸಲ ಓಟು ಗೀಟು ಬೇಡ. ಈಗಿರೋ ಸಮಿತೀನೇ ಅವಿರೋಧವಾಗಿ ಮುಂದುವರೀಲಿ. ಏನಂತೀರಿ?”

ಜನ ತಲೆ ತಗ್ಗಿಸಿದರು. ಭಾವಚಿತ್ರದ ಮುಂದೆ ಬೇಡ ಎನ್ನುವುದಾದರೂ ಹೇಗೆ? ಮೊದಲ ಚಪ್ಪಾಳೆ ಎಲ್ಲೋ ಹಿಂದಿನಿಂದ ಕೇಳಿತು. ನಾನು ಎದ್ದೆ.

“ವಿರೋಧ ಇದೆ ಸಾರ್.”

“ಯಾರ್ದಮ್ಮಾ?”

“ನಂದು.”

“ನಿಂದೊಬ್ಬಳದಾ?”

“ಅವಿರೋಧ ಅನ್ನೋದು ಮುರಿಯೋಕೆ ಒಬ್ಬಳು ಸಾಕಲ್ವಾ ಸಾರ್. ನಾನೇ ನಿಲ್ತೀನಿ.”

ಅವರು ನಕ್ಕರು, ಆದರೆ ಆ ನಗುವಿನಲ್ಲಿ ಗೃಹಪ್ರವೇಶದ ಕಳೆ ಇರಲಿಲ್ಲ. ಚುನಾವಣೆ ಈ ತಿಂಗಳ ಕೊನೆಗೆ ನಿಗದಿಯಾಯಿತು.

ಈಗ ನನಗೆ ನಿದ್ದೆ ಸರಿಯಾಗಿ ಬರುವುದಿಲ್ಲ. ಪತ್ರಿಕೆಗೆ ಲೇಖನ ಬರೆದು ಎಲ್ಲರಿಂದಲೂ ಉತ್ತರ ಕೇಳುವುದು ಒಂದು. ನಾಲ್ಕು ಜನರ ಗೇಟಿನ ಮುಂದೆ ನಿಲ್ಲುವುದು ಬೇರೆಯೇ ಒಂದು. ನಮ್ಮವರ ಮೊದಲ ಓಟುಗಳಷ್ಟರಿಂದಲೇ ಗೆಲ್ಲಲಾರೆ ಎಂದು ಕೂಡಿಸಿ ಕಳೆದು ನೋಡಿದಾಗ ಅರ್ಥವಾಯಿತು. ಎದುರಾಳಿಗೆ ಓಟು ಹಾಕುವವರ ಮನೆಗೂ ಹೋಗಿ ಎರಡನೆಯದನ್ನು ಕೇಳಬೇಕು. ಐರ್ಲೆಂಡಿನ ಅಭ್ಯರ್ಥಿಗಳು ಮಾಡುವುದು ಅದನ್ನೇ. ಅದು ಭಿಕ್ಷೆಯಂತೆ ಕಾಣುವುದಿಲ್ಲವೇ ಎಂದು ನಾನೊಮ್ಮೆ ಕೇಳಿದಾಗ ಮೇಡಂ ಹೇಳಿದ್ದರು: “ನಿನ್ನ ಬೈಯೋರ ಬಾಗಿಲಲ್ಲಿ ಸ್ವಲ್ಪ ಹೊತ್ತು ನಿಂತು ಬಾ. ಭಿಕ್ಷೆಯೋ ಅಲ್ಲವೋ ಆಮೇಲೆ ಹೇಳು.”

ನಿನ್ನೆ ಸಂಜೆ ಅಧ್ಯಕ್ಷರ ಪಕ್ಕಾ ಬೆಂಬಲಿಗರಾದ ನಿವೃತ್ತ ಎಂಜಿನಿಯರ್ ಒಬ್ಬರ ಗೇಟಿನ ಮುಂದೆ ನಿಂತೆ. ಅವರು ಗಿಡಕ್ಕೆ ನೀರು ಬಿಡುತ್ತಿದ್ದರು. ಪೈಪು ಕೆಳಗಿಡಲಿಲ್ಲ.

“ನನ್ ಓಟು ಯಾರಿಗೆ ಅಂತ ಗೊತ್ತಲ್ವೇನಮ್ಮಾ?”

“ಗೊತ್ತು ಅಂಕಲ್. ಒಂದು ಅವ್ರಿಗೇ ಹಾಕಿ. ಎರಡು ನಂಗೆ ಹಾಕಿ ಅಂತ ಕೇಳೋಕೆ ಬಂದೆ.”

ಅವರು ನನ್ನನ್ನು ಮೇಲಿಂದ ಕೆಳಗಿನವರೆಗೆ ನೋಡಿದರು. “ಪೇಪರಿಗೆಲ್ಲ ಬರೀತೀಯಂತಲ್ಲ. ಎಲ್ರೂ ಜನಕ್ಕೆ ಉತ್ತರ ಕೊಡ್ಬೇಕು ಅಂತ.”

“ಹೌದು ಅಂಕಲ್.”

“ಗೆದ್ರೆ ನೀನು ಕೊಡ್ತೀಯಾ? ನಾನು ನಿಂಗೆ ಓಟೇ ಹಾಕ್ದೆ ಇದ್ರೂ ತಿಂಗಳಿಗೊಂದ್ಸಲ ಇದೇ ಗೇಟ್ ಹತ್ರ ಬಂದು ನಿಲ್ತೀಯಾ? ಬೈದ್ರೂ?”

ಪ್ರಶ್ನೆ ಕೇಳುವುದನ್ನೇ ಕಸುಬು ಮಾಡಿಕೊಂಡವಳು ನಾನು. ಅಷ್ಟು ನೇರವಾದ ಪ್ರಶ್ನೆಯನ್ನು ಯಾರೂ ನನ್ನೆಡೆಗೆ ತಿರುಗಿಸಿರಲಿಲ್ಲ. ಜಿಮ್ಮಿನ ಹಾಡಿನ ಸದ್ದು ಬೀದಿಯ ಕೊನೆಯಿಂದ ಕೇಳಿಸುತ್ತಿತ್ತು.

“ನಿಲ್ತೀನಿ ಅಂಕಲ್.”

ಅವರು ಪೈಪನ್ನು ಮುಂದಿನ ಗಿಡಕ್ಕೆ ತಿರುಗಿಸಿದರು. ಗೇಟಿನ ಚಿಲಕ ತೆಗೆಯಲಿಲ್ಲ. ನಮಸ್ಕಾರ ಹೇಳಿ ಹೊರಟು ಮುಂದಿನ ಮನೆಯ ಗಂಟೆಗೆ ಕೈಯಿಟ್ಟಿದ್ದೆ. ಹಿಂದಿನಿಂದ ಅವರ ದನಿ ಬಂತು.

“ಮೊದಲನೇ ತಿಂಗಳು ಬರ್ಲಿಲ್ಲ ಅಂದ್ರೆ, ನಾನೇ ನಿಮ್ಮನೆ ಗೇಟಿಗೆ ಬರ್ತೀನಿ. ತಿಳ್ಕೊ.”